ಮತಲಫಿ ಕೀಳದ ಭಾನುವಾರ

ಮತಲಫಿ ತನ್ನನ್ನು ತೋರಿಸಿಕೊಳ್ಳುವ ಗಿಡವಲ್ಲ. ಸವಾಯಿ ದ್ವೀಪದ ಕಾಡಿನಲ್ಲಿ ದೊಡ್ಡ ಮರಗಳ ನೆರಳು ಹಿಡಿದು ಆಳೆತ್ತರಕ್ಕೆ ನಿಲ್ಲುವ ಪೊದೆ ಅದು. ಹೊಳಪುಳ್ಳ ಹಸಿರೆಲೆ, ಎಲೆಗಳ ತುದಿಯಲ್ಲಿ ಗೊಂಚಲಾಗಿ ಅಕ್ಕಿನುಚ್ಚಿನಂಥ ಬಿಳಿಯ ಹೂ. ಆ ಹೂವನ್ನು ಯಾವ ಹುಡುಗಿಯೂ ಕಿವಿಗೆ ಸಿಕ್ಕಿಸಿಕೊಳ್ಳುವುದಿಲ್ಲ, ಯಾರೂ ಹಾರಕ್ಕೆ ಪೋಣಿಸುವುದಿಲ್ಲ. ಮನೆಯಲ್ಲಿ ಯಾರದಾದರೂ ಮೈ ಸುಡತೊಡಗಿದಾಗ ಮಾತ್ರ ಊರಿಗೆ ಅದರ ನೆನಪಾಗುತ್ತದೆ. ದೇವರು ತನ್ನ ತೋಟದಲ್ಲಿ ಕೆಲವು ಗಿಡಗಳನ್ನು ನೋಡಿ ಸಂತೋಷಪಡಲೆಂದು ಇಟ್ಟಿದ್ದಾನೆ, ಕೆಲವನ್ನು ಕಷ್ಟ ಬಂದಾಗ ಕೇಳಿಕೊಂಡು ಹೋಗಲೆಂದು ಇಟ್ಟಿದ್ದಾನೆ. ಮತಲಫಿ ಎರಡನೆಯ ಸಾಲಿನದು.

ಆ ಊರಿನಲ್ಲಿ ಮತಲಫಿಯನ್ನು ಕೇಳಿಕೊಂಡು ಹೋಗುವ ಮನೆ ಸಿನಪಾತಿಯದು. ಅವಳಿಗೆ ಮೊದಲು ಅವಳ ತಾಯಿ ಪೆಪೆಯದು, ಪೆಪೆಗೆ ಮೊದಲು ಅಜ್ಜಿಯದು. ಎಳೆಯ ಎಲೆಗಳನ್ನು ಆಯ್ದು, ನುಣ್ಣನೆಯ ಕಲ್ಲಿನ ಮೇಲೆ ಜಜ್ಜಿ, ಬಟ್ಟೆಯಲ್ಲಿ ಹಿಂಡಿ ತೆಗೆದ ರಸವನ್ನು ಜ್ವರದವರಿಗೆ ಒಂದೆರಡು ಗುಟುಕು ಕುಡಿಸುವುದು, ಉಳಿದದ್ದನ್ನು ಬಾತ ಕೈಕಾಲುಗಳಿಗೆ ನೀವುವುದು. ಸತ್ತವರ ನೆರಳು ಬಿದ್ದು ಬಂದ ಕಾಯಿಲೆ ಎಂದು ಜನ ಪಿಸುಗುಟ್ಟುವ ಕಾಯಿಲೆಗಳಿಗೂ ಅದೇ ಎಲೆ. ಈ ಎರಡನೆಯ ಸಂಗತಿ ಚರ್ಚಿನ ಸಭಾಪಾಲಕರಿಗೆ ಹಿಡಿಸುತ್ತಿರಲಿಲ್ಲ. ಆದರೂ ಅವರ ಹೆಂಡತಿ ಬಾಳೆಯ ಸಾಲಿನ ಹಿಂದಿನಿಂದ ಬಂದು ಎಲೆ ಕೇಳಿದ್ದುಂಟು.

ಪೆಪೆ ಸಾಯುವ ಮುಂಚೆ ಮಗಳ ಕೈ ಹಿಡಿದು ಹೇಳಿಹೋದ ಕಟ್ಟಳೆಗಳು ಹೆಚ್ಚಲ್ಲ. ಪ್ರಾರ್ಥನೆ ಮಾಡಿ ಕೀಳು. ಪ್ರತಿಫಲಕ್ಕೆ ಕೈ ಒಡ್ಡಬೇಡ. ರಕ್ತಸಂಬಂಧದ ಆಚೆಗೆ ಗಿಡದ ಜಾಗ ತೋರಿಸಬೇಡ. ಕೊನೆಯದನ್ನು ಮುದುಕಿ ಎರಡು ಸಲ ಹೇಳಿದ್ದಳು: "ಯಾರೇ ಕರೆದ್ರೂ ಎದ್ದು ಹೋಗು ಮಗಾ. ಹೋಗಿ ನಿನ್ನ ಕಣ್ಣಿಂದ ನೋಡು. ದವಡೆ ಊದಿ ಬಾಯಿ ತೆರೆಯೋಕೆ ಆಗ್ದೆ ಇದ್ರೆ ಅದು ನಮ್ಮ ಎಲೆ ಕೆಲಸ ಅಲ್ಲ, ಆಗಿಂದಾಗ್ಲೇ ಆಸ್ಪತ್ರೆಗೆ ಕಳಿಸು." ಹೀಗೆ ಕಳಿಸುವ ಮಾತಿಗೆ ಆ ಊರಿನಲ್ಲಿ ಬಹಳ ಬೆಲೆಯಿತ್ತು. ಒಮ್ಮೆ ಒಬ್ಬಳ ಎಲೆಯನ್ನು ಕೇಳಿದ ಮೇಲೆ, ಅವಳಾಗಿ "ನಾನು ಬಿಟ್ಟೆ, ಬೇರೆ ಕಡೆ ಹೋಗಿ" ಎನ್ನುವ ತನಕ ರೋಗಿಯನ್ನು ಇನ್ನೊಬ್ಬರ ಕೈಗೆ ಕೊಡುವುದು ಅಲ್ಲಿಯ ರೂಢಿಯಲ್ಲ. ಎರಡು ಔಷಧ ಒಂದರೊಡನೊಂದು ಜಗಳವಾಡುತ್ತವೆಂಬ ಭಯ ಅವರಿಗೆ.

ಸಿನಪಾತಿ ಒಳ್ಳೆಯ ಹೆಂಗಸು. ಗಂಡ ಫೆರೇಟಿ ಸಭೆಯ ಹಿರಿಯರಲ್ಲಿ ಒಬ್ಬ. ಸಂಜೆಯ ಪ್ರಾರ್ಥನೆಗೆ ಶಂಖ ಊದಿದೊಡನೆ ಊರಿನಲ್ಲಿ ಮೊದಲು ಕೇಳಿಬರುತ್ತಿದ್ದ ಹಾಡು ಅವರ ಮನೆಯದು. ಆ ಹಾಡಿನಲ್ಲಿ ಸಿನಪಾತಿಯ ದನಿಯೂ ಕೇಳುತ್ತಿತ್ತು ಎಂಬುದೇ ತೊಂದರೆ. ಅವಳ ಭಕ್ತಿ ದೊಡ್ಡದು, ದನಿಯೂ ದೊಡ್ಡದು. ರಾಗವೊಂದು ಅವಳಿಗೆ ಒಲಿದಿರಲಿಲ್ಲ.

ಹೊಸ ಚರ್ಚಿನ ಪ್ರತಿಷ್ಠೆಗೆ ಊರು ಸಿದ್ಧವಾಗುತ್ತಿದ್ದ ದಿನಗಳು. ಹೆಂಗಸರೆಲ್ಲ ಸಂಘದ ಮನೆಯಲ್ಲಿ ಕಾಲು ಮಡಚಿ ಕುಳಿತು ಚಾಪೆ ಹೆಣೆಯುತ್ತ, ಪ್ರತಿಷ್ಠೆಯ ದಿನದ ಹಾಡನ್ನು ಅಭ್ಯಾಸ ಮಾಡುತ್ತಿದ್ದರು. ಹಾಡಿನ ಮುಂದಾಳು ರೆಪೆಕಾ, ಮೀನುಗಾರ ಸಕಾರಿಯನ ಹೆಂಡತಿ. ಅವಳ ಕಂಠ ದೇವರ ದಾನ. ನಾಲಿಗೆ ಅವಳದೇ. ಅಂದು ಮೇಲಿನ ಸ್ವರದಲ್ಲಿ ಸಿನಪಾತಿ ಜಾರಿದಾಗ ರೆಪೆಕಾ ಹೆಣೆಯುತ್ತಿದ್ದ ಕೈ ನಿಲ್ಲಿಸಿ ಹೊರಗಿನ ಹಲಸಿನ ಮರದತ್ತ ನೋಡಿದಳು.

"ಅಯ್ಯೋ, ನೋಡ್ರೇ! ಸಿನಪಾತಿ ಅಕ್ಕ ಬಾಯಿ ತೆಗೆದ್ರೆ ಸಾಕು, ಬಾವಲಿಗಳೆಲ್ಲ ಗಂಟು ಮೂಟೆ ಕಟ್ಕೊಂಡು ಪಕ್ಕದೂರಿಗೆ ಹೊರಡ್ತವೆ."

"ಹೋಗ್ಲಿ ಬಿಡೇ, ಹಣ್ಣಾದ್ರೂ ಉಳಿಯುತ್ತೆ!" ಎಂದಳು ಇನ್ನೊಬ್ಬಳು.

ಮನೆಯ ಕಂಬಗಳು ನಡುಗುವಂತೆ ನಗು ಎದ್ದಿತು. ಸಿನಪಾತಿಯೂ ನಕ್ಕಳು. ನಗುತ್ತಲೇ ತನ್ನ ಹೆಣಿಗೆಯ ಎಳೆಯೊಂದನ್ನು ತಪ್ಪಾಗಿ ದಾಟಿಸಿ ಮತ್ತೆ ಬಿಚ್ಚಿದಳು. ಆ ನಗು ಅವಳ ಮುಖದಿಂದ ಆಗಲೇ ಇಳಿಯಿತು. ಎದೆಯೊಳಗೆ ಮಾತ್ರ ಮುಳ್ಳಾಗಿ ಉಳಿಯಿತು. ಮನುಷ್ಯ ಹೃದಯ ಎಷ್ಟು ಸಣ್ಣ ಮುಳ್ಳಿಗೆ ಎಷ್ಟು ದೊಡ್ಡ ಕೀವು ಕಟ್ಟುತ್ತದೆಂಬುದನ್ನು ಕರ್ತನೊಬ್ಬನೇ ಬಲ್ಲ.

ಮುಂದಿನ ಭಾನುವಾರದ ಆರಾಧನೆಗೆ ರೆಪೆಕಾ ಬರಲಿಲ್ಲ. ಬಿಳಿಯ ಟೋಪಿಗಳ ಸಾಲಿನಲ್ಲಿ ಅವಳ ಜಾಗ ಬರಿದಾಗಿತ್ತು. ಅದನ್ನು ಕಂಡು ಸಿನಪಾತಿಗೆ ಒಳಗೊಳಗೇ ಹಿತವೆನಿಸಿತು. ಆ ದಿನ ಅವಳು ಗಟ್ಟಿಯಾಗಿಯೇ ಹಾಡಿದಳು.

ಮನೆಗೆ ಬಂದು, ನೆಲದ ಒಲೆಯಿಂದ ತೆಗೆದ ಕೆಸುವಿನ ಗೆಡ್ಡೆಯನ್ನೂ ತೆಂಗಿನ ಹಾಲು ತುಂಬಿ ಬೇಯಿಸಿದ ಎಲೆಗಂಟುಗಳನ್ನೂ ಫೆರೇಟಿಯ ಮುಂದೆ ಬಡಿಸಿ ಬೀಸಣಿಗೆ ಹಿಡಿದು ಕೂತಿದ್ದಾಗ ಸಕಾರಿಯ ಬಂದ. ಊಟದ ಹೊತ್ತಿನಲ್ಲಿ ಒಳಗೆ ಬರಬಾರದೆಂದು ಕಂಬದ ಆಚೆಗೇ ನೆಲದ ಮೇಲೆ ಕೂತ.

"ಅಕ್ಕ, ಊಟದ ಮಧ್ಯೆ ಬಂದೆ, ಬೇಜಾರಾಗ್ಬೇಡ. ರೆಪೆಕಾಗೆ ಮೈ ಕೆಂಡದ ಹಾಗೆ ಸುಡ್ತಿದೆ. ಗಂಟಲು ನೋವು ಅಂತಾಳೆ. ನೀರೂ ಇಳೀತಿಲ್ಲ. ನೀನೊಂದು ಸಲ ಬಂದು ನೋಡಿದ್ರೆ..."

ಗಂಟಲು ಎಂಬ ಮಾತು ಕಿವಿಗೆ ಬಿದ್ದಾಗ ಸಿನಪಾತಿಯ ಮನಸ್ಸಿನಲ್ಲಿ ತಾಯಿಯ ಮಾತು ಎದ್ದು ನಿಲ್ಲಬೇಕಿತ್ತು. ಎದ್ದು ನಿಂತದ್ದು ಬಾವಲಿಗಳು.

"ಇವತ್ತು ಕರ್ತನ ದಿನ ಸಕಾರಿಯ," ಎಂದಳು. ಅವಳ ದನಿ ಮೆತ್ತಗಿತ್ತು, ಅದೇ ಭಯಂಕರ. "ಕಾಡಿಗೆ ಹೋಗಿ ಎಲೆ ಕೀಳೋ ದಿನ ಅಲ್ಲ. ನಾಳೆ ಬೆಳಗ್ಗೆ ನಾನೇ ಬರ್ತೀನಿ. ಅಲ್ಲಿ ತನಕ ಒದ್ದೆ ಬಟ್ಟೆ ಹಾಕಿರು."

"ನೀನು ಬರೋದಾದ್ರೆ ಸರಿ ಅಕ್ಕ. ನಾಳೆ ತನಕ ಕಾಯ್ತೀವಿ," ಎಂದು ಅವನು ತಲೆ ಬಾಗಿಸಿ ಹೋದ. ಫೆರೇಟಿ ಹೆಂಡತಿಯ ಕಡೆ ಮೆಚ್ಚುಗೆಯಿಂದ ನೋಡಿದ. ಅವಳು ಬೀಸಣಿಗೆಯನ್ನು ಇನ್ನಷ್ಟು ಜೋರಾಗಿ ಬೀಸಿದಳು. ಸಭಾಪಾಲಕರ ಹೆಂಡತಿಗೆ ಜ್ವರ ಬಂದಾಗ ಎಲೆ ಕಿತ್ತು ಸೆರಗಿನಲ್ಲಿ ಮರೆಮಾಡಿ ಕೊಟ್ಟದ್ದೂ ಒಂದು ಭಾನುವಾರವೇ. ಅದು ಆ ಇಬ್ಬರು ಹೆಂಗಸರಿಗೆ ಬಿಟ್ಟರೆ ದೇವರಿಗೆ ಮಾತ್ರ ಗೊತ್ತಿತ್ತು.

ಸೋಮವಾರ ಬೆಳಕು ಹರಿಯುವ ಮೊದಲೇ ಅವಳು ಕಾಡಿಗೆ ಹೋದಳು. ಪಶ್ಚಾತ್ತಾಪ ಆಗಲೇ ಅವಳನ್ನು ಎಬ್ಬಿಸಿತ್ತು. ಎಂದಿಗಿಂತ ಎಳೆಯ ಎಲೆಗಳನ್ನು ಹುಡುಕಿ ಆರಿಸಿ ತಂದಳು. ರೆಪೆಕಾಳ ಮನೆಯಲ್ಲಿ ಮುದುಕಿ ಅತ್ತೆಯೊಬ್ಬಳೇ ಇದ್ದಳು. ಚಾಪೆಗಳು ಚೆಲ್ಲಾಪಿಲ್ಲಿಯಾಗಿದ್ದವು.

"ತಡ ಮಾಡಿದೆ ಮಗಳೇ," ಎಂದಳು ಮುದುಕಿ. ಬೈಗುಳವಿರಲಿಲ್ಲ ಆ ಮಾತಿನಲ್ಲಿ. "ದವಡೆ ಊದಿಕೊಂಡು ಹಲ್ಲು ಕಚ್ಚಿಹೋಗಿತ್ತು. ಆಮೇಲೆ ಉಸಿರೇ ಸಿಕ್ಕಿಕೊಳ್ತು. ಆಸ್ಪತ್ರೆಗೆ ಹೋಗೋಣ್ವೋ ಅಂತ ನಾನು ಅಂದೆ. ಸಿನಪಾತಿ ಅಕ್ಕನ್ನ ಕೇಳಿಯಾಗಿದೆ, ಅವಳು ಬರ್ತೀನಿ ಅಂದಿದಾಳೆ ಅಂತ ಸಕಾರಿಯ ಕೂತೇ ಇದ್ದ. ಕಡೆಗೆ ಮುಖ ನೀಲಿ ಆದಾಗ ಪಕ್ಕದ ಮನೆ ಟ್ರಕ್ಕಿಗೆ ಹಾಕ್ಕೊಂಡು ಹೋದ್ರು."

ಸಿನಪಾತಿ ನಿಂತೇ ಇದ್ದಳು. ಅವಳ ಮುಷ್ಟಿಯೊಳಗೆ ಎಲೆಗಳು ತಾವಾಗಿ ಹಿಂಡಿಹೋಗಿ ಹಸಿರು ರಸ ಮೊಣಕೈವರೆಗೆ ಇಳಿಯಿತು.

ಎಲೆ ಗಂಟಲೊಳಗೆ ಕಟ್ಟಿದ ಕೀವನ್ನು ಇಳಿಸುತ್ತಿರಲಿಲ್ಲ. ಅದು ಅವಳಿಗೆ ಯಾರಿಗಿಂತಲೂ ಚೆನ್ನಾಗಿ ಗೊತ್ತಿತ್ತು. ಹೋಗಿ ನೋಡಿದ್ದರೆ, ಬಾಯಿ ತೆರೆಯಲಾಗದ್ದನ್ನು ಕಂಡು ಒಂದೇ ಒಂದು ಮಾತು ಹೇಳಿದ್ದರೆ, ಭಾನುವಾರದ ಬಿಸಿಲಿರುವಾಗಲೇ ಆ ಟ್ರಕ್ಕು ಹೊರಟಿರುತ್ತಿತ್ತು. ಅದಕ್ಕೆ ಎಲೆ ಕೀಳುವ ಅಗತ್ಯವೂ ಇರಲಿಲ್ಲ. ಊರಿನ ಈ ತುದಿಯಿಂದ ಆ ತುದಿಗೆ ನಡೆದಿದ್ದರೆ ಸಾಕಿತ್ತು.

ಆಸ್ಪತ್ರೆಯಲ್ಲಿ ಉಸಿರಿಗೆ ದಾರಿ ಮಾಡಲು ಗಂಟಲನ್ನು ಕೊಯ್ಯಬೇಕಾಯಿತು. ರೆಪೆಕಾ ಬದುಕಿದಳು. ಊರಿಗೆ ಮರಳಿದಾಗ ಅವಳ ಕೊರಳಿನಲ್ಲಿ ಗಾಯದ ಕಲೆಯಿತ್ತು, ಮಾತು ತೆಂಗಿನ ಚಿಪ್ಪನ್ನು ಕೆರೆದ ಹಾಗೆ ಗೊರಗೊರ ಬರುತ್ತಿತ್ತು. ಹಾಡು ಹೋಗಿತ್ತು.

ಪ್ರತಿಷ್ಠೆಯ ದಿನ ಹೊಸ ಚರ್ಚು ಬಿಳಿಯ ಬಟ್ಟೆಗಳಿಂದ ತುಂಬಿ ತುಳುಕಿತು. ಹಾಡು ಎದ್ದಿತು. ಮೇಲಿನ ಸ್ವರ ಬರಬೇಕಾದ ಜಾಗದಲ್ಲಿ ಯಾರೂ ಇರಲಿಲ್ಲ. ಅಲ್ಲಿ ಒಂದು ಕ್ಷಣದ ಖಾಲಿ. ಬೇರೆಯವರಿಗೆ ಅದು ಕೇಳಿಸಿತೋ ಇಲ್ಲವೋ, ಸಿನಪಾತಿಗೆ ಬೇರೇನೂ ಕೇಳಿಸಲಿಲ್ಲ. ಅವಳು ತುಟಿ ಆಡಿಸಿದಳು, ದನಿ ತೆಗೆಯಲಿಲ್ಲ.

ಬಳಿಕ ಸಭಾಪಾಲಕರು ಪ್ರಸಂಗಕ್ಕೆ ನಿಂತರು. ಕರ್ತನ ದಿನದ ಪವಿತ್ರತೆಯನ್ನು ವಿವರಿಸುತ್ತ ಕೈಯೆತ್ತಿ ಹೇಳಿದರು: "ನಮ್ಮ ನಡುವೆಯೇ ಒಬ್ಬ ಸಹೋದರಿ ಇದ್ದಾಳೆ. ನೆರೆಯವರು ಬಂದು ಬೇಡಿದಾಗಲೂ ಅವಳು ದಿನವನ್ನು ಮುರಿಯಲಿಲ್ಲ. ಸಿನಪಾತಿ ಕರ್ತನ ದಿನವನ್ನು ಕಾಪಾಡಿದಳು, ಕರ್ತನು ರೆಪೆಕಾಳ ಪ್ರಾಣವನ್ನು ಕಾಪಾಡಿದನು!"

"ಆಮೆನ್!" ಎಂದಿತು ಸಭೆ. ಫೆರೇಟಿಯ ಬೆನ್ನು ನೆಟ್ಟಗಾಯಿತು. ಸಭಾಪಾಲಕರ ಹೆಂಡತಿ ಮುಂದಿನ ಸಾಲಿನಿಂದ ತಿರುಗಿ ಸಿನಪಾತಿಯನ್ನು ಒಮ್ಮೆ ನೋಡಿ, ಕಣ್ಣು ತಗ್ಗಿಸಿ ಬೀಸಣಿಗೆಯ ಅಂಚನ್ನು ಕೀಳತೊಡಗಿದಳು. ಸಿನಪಾತಿ ಮೆಲ್ಲನೆ ಹಿಂದೆ ನೋಡಿದಳು. ಕೊನೆಯ ಬೆಂಚಿನಲ್ಲಿ ಕೊರಳಿಗೆ ಬಟ್ಟೆ ಸುತ್ತಿಕೊಂಡು ಕೂತಿದ್ದ ರೆಪೆಕಾ ಕೂಡ ತಲೆಯಾಡಿಸಿ ಆಮೆನ್ ಎನ್ನುತ್ತಿದ್ದಳು. ದನಿ ಇರಲಿಲ್ಲ, ತುಟಿ ಮಾತ್ರ.

ಬೈದಿದ್ದರೆ ಸಿನಪಾತಿ ಬದುಕಿಕೊಳ್ಳುತ್ತಿದ್ದಳು. ಆ ಆಮೆನ್ ಅವಳನ್ನು ಮುರಿಯಿತು. ಪಾಪವನ್ನು ಪೊದೆಯ ಹಿಂದೆ ಮುಚ್ಚಿಡುವವರುಂಟು, ಮನೆಯ ಮೂಲೆಯಲ್ಲಿ ಮುಚ್ಚಿಡುವವರುಂಟು. ಅವಳು ದೇವರ ದಿನದ ಬಿಳಿಯ ಬಟ್ಟೆಯನ್ನೇ ಎಳೆದು ಅದರಡಿ ಮುಚ್ಚಿಟ್ಟಿದ್ದಳು. ಮುಂದೆ ಅವಳು ಹಿಂಡಿದ ರಸದಿಂದ ಜ್ವರ ಇಳಿದವರು "ನಿನ್ನ ಕೈ ಪುಣ್ಯದ್ದು ಅಕ್ಕ" ಎಂದಾಗ ಆ ಕೈಯನ್ನು ಬಟ್ಟೆಯೊಳಗೆ ಎಳೆದುಕೊಳ್ಳುತ್ತಿದ್ದಳು. ಪ್ರಾರ್ಥನೆಗೆ ಕೂತರೆ ಮಾತು ಬಾಯಿಯಿಂದ ಆಚೆ ಹೋಗುತ್ತಿರಲಿಲ್ಲ.

ಕೊನೆಗೆ ಫೆರೇಟಿಗೆ ಎಲ್ಲವನ್ನೂ ಹೇಳಿದಳು. ಬಾವಲಿಯ ಮಾತಿನಿಂದ ಹಿಡಿದು ಸಭಾಪಾಲಕರ ಹೆಂಡತಿಯ ಜ್ವರದ ತನಕ. ಹೇಳಿ, ಪೆಟ್ಟಿಗೆಯಿಂದ ತಾಯಿಯ ನಯಚಾಪೆಯನ್ನು ತೆಗೆದಳು. ರೇಷ್ಮೆಯಂತೆ ಮೆತ್ತಗಾದ, ಅಂಚಿಗೆ ಕೆಂಪು ಗರಿ ಹೊಲಿದ, ಮದುವೆಗೋ ಸಾವಿಗೋ ಮಾತ್ರ ಹೊರಗೆ ಬರುವ ಚಾಪೆ.

"ಇದು ಯಾಕೆ?" ಎಂದ ಫೆರೇಟಿ.

"ಇಫೊಂಗಕ್ಕೆ."

ಫೆರೇಟಿ ಬೆಚ್ಚಿಬಿದ್ದ. ಒಬ್ಬರ ರಕ್ತ ಚೆಲ್ಲಿದಾಗ ತಪ್ಪಿತಸ್ಥರ ಕುಲದ ಯಜಮಾನ ಬೆಳಗ್ಗೆ ಹೋಗಿ, ತಲೆಯ ಮೇಲೆ ನಯಚಾಪೆ ಹೊದ್ದು ಅವರ ಅಂಗಳದಲ್ಲಿ ಕೂರುವುದೇ ಇಫೊಂಗ. ನೊಂದವರು ಬಂದು ಚಾಪೆ ಎತ್ತಿದರೆ ಕ್ಷಮೆ. ಎತ್ತದಿದ್ದರೆ ಅವರಿಗೆ ಏನು ಬೇಕೋ ಅದು.

"ಹುಚ್ಚೇನೇ ನಿನಗೆ? ನೀನು ಯಾರನ್ನ ಕೊಂದಿದೀಯ? ಇಫೊಂಗ ಗಂಡಸರದು, ಯಜಮಾನರದು. ಸಭೆಯಲ್ಲಿ ನಿನ್ನ ಹೆಸರು ಹೇಳಿ ಹೊಗಳಿದಾರೆ, ಸುಮ್ನೆ ಬಾಯಿ ಮುಚ್ಕೊಂಡಿರು."

"ಆ ಹೊಗಳಿಕೆನೇ ನನ್ನ ಗಂಟಲಲ್ಲಿ ಸಿಕ್ಕಿಕೊಂಡಿರೋದು, ಫೆರೇಟಿ."

"ಒಬ್ಳೇ ಹೋಗಿ ಕೂತ್ರೆ ಊರು ನಗುತ್ತೆ."

"ನಗ್ಲಿ. ಒಂದು ನಗು ತಡ್ಕೊಳ್ಳೋಕೆ ಆಗ್ದೇ ತಾನೇ ನಾನು ಈ ಕೆಲಸ ಮಾಡಿದ್ದು?"

ಮರುದಿನ ಬೆಳಗ್ಗೆ ಅವಳು ರೆಪೆಕಾಳ ಅಂಗಳದ ಕರಿಗಲ್ಲಿನ ಹರಳುಗಳ ಮೇಲೆ ಕಾಲು ಮಡಚಿ ಕೂತು ತಲೆಯ ಮೇಲೆ ಚಾಪೆ ಎಳೆದುಕೊಂಡಳು. ಒಳಗೆ ಹಳೆಯ ಎಣ್ಣೆಯ, ತಾಯಿಯ ಪೆಟ್ಟಿಗೆಯ ವಾಸನೆ. ಹೊರಗೆ ಕಸಬರಿಗೆಯ ಸದ್ದು ನಿಂತಿತು. ಯಾರೋ ಹೆಂಗಸರು ರಸ್ತೆಯಲ್ಲಿ ನಿಂತರು.

"ಯಾರೇ ಅದು ಚಾಪೆ ಅಡಿ? ಯಾರು ಸತ್ರು?"

"ಹಿಮ್ಮಡಿ ನೋಡೇ, ಒಲೆ ಮಸಿ. ಸಿನಪಾತಿನೇ."

"ಅವಳ್ಯಾಕೆ? ಅವಳು ಭಾನುವಾರ ಕಾಪಾಡಿದವಳಲ್ವಾ!"

ಸಕಾರಿಯ ಓಡಿಬಂದ. "ಅಕ್ಕ, ಏಳು ಏಳು. ದೊಡ್ಡೋಳು ನೀನು, ಹೀಗೆ ಕೂತ್ರೆ ನಮಗೆ ಅವಮಾನ." ಅವನ ಬೆರಳುಗಳು ಚಾಪೆಯ ತುದಿಯವರೆಗೆ ಬಂದು ಹಿಂದೆ ಸರಿದವು, ಎತ್ತುವ ಹಕ್ಕು ಅವನದಲ್ಲ. ಬಳಿಕ ಹಗುರವಾದ ಹೆಜ್ಜೆ ಕೇಳಿಸಿತು. ಚಾಪೆ ಮೇಲೆದ್ದಿತು. ಬೆಳಕಿನಲ್ಲಿ ರೆಪೆಕಾಳ ಮುಖ, ಕೊರಳಿನ ಕಲೆ.

"ಏನಿದು ಅಕ್ಕ," ಎಂದಳು ಆ ಒಡಕು ದನಿ. "ನೀನು ದೇವರ ದಿನ ಬಿಡ್ಲಿಲ್ಲ. ಕಾದು ಕೂತಿದ್ದು ನಮ್ಮ ತಪ್ಪು. ಏಳು, ಒಳಗೆ ಬಾ, ಕೋಕೋ ಕಾಯಿಸಿದೀನಿ."

ಏಳಬಹುದಿತ್ತು. ಕ್ಷಮೆ ಚಾಪೆಯ ಅಂಚಿನಲ್ಲಿ ನಿಂತು ಕೈ ಚಾಚಿತ್ತು, ಬಿಸಿ ಕೋಕೋ ಸಹ ಸಿದ್ಧವಾಗಿತ್ತು. ಆದರೆ ಆ ಕ್ಷಮೆ ಅವಳು ಮಾಡದ ತಪ್ಪಿಗೆ ಬಂದದ್ದು. ಸಿನಪಾತಿ ಕಣ್ಣು ಮೇಲೆತ್ತಲಿಲ್ಲ.

"ದೇವರ ದಿನಕ್ಕೋಸ್ಕರ ಅಲ್ಲ ರೆಪೆಕಾ. ಭಾನುವಾರ ನಾನು ಎಲೆ ಕಿತ್ತಿದೀನಿ, ಬೇರೆಯವರಿಗೆ. ನಿನಗೆ ಮಾತ್ರ ಇಲ್ಲ ಅಂದೆ. ಬಾವಲಿ ಅಂದ್ಯಲ್ಲ ಅವತ್ತು, ಎಲ್ರೂ ನಕ್ರಲ್ಲ. ಆ ಸಿಟ್ಟು. ಗಂಟಲು ಅಂತ ಸಕಾರಿಯ ಹೇಳಿದಾಗ್ಲೇ ನನಗೆ ಭಯ ಆಗ್ಬೇಕಿತ್ತು. ಒಂದು ರಾತ್ರಿ ನರಳ್ಲಿ ಅಂತ ಅಂದ್ಕೊಂಡೆ. ಕರ್ತನ ಹೆಸರು ಅಡ್ಡ ಇಟ್ಟೆ."

ರೆಪೆಕಾ ಎತ್ತಿ ಹಿಡಿದಿದ್ದ ಚಾಪೆಯನ್ನು ಹಾಗೆಯೇ ಕೈಬಿಟ್ಟಳು. ಅದು ಮತ್ತೆ ಸಿನಪಾತಿಯ ತಲೆಯ ಮೇಲೆ ಬಿದ್ದಿತು. ಹೆಜ್ಜೆಗಳು ಒಳಗೆ ಹೋದವು.

ಬಿಸಿಲೇರಿತು. ಮೊಣಕಾಲು ಜೋಮು ಹಿಡಿಯಿತು, ಹರಳು ಚರ್ಮದೊಳಗೆ ಇಳಿಯಿತು. ತನಗೆ ಇದು ಸಲ್ಲತಕ್ಕದ್ದೇ ಎಂದು ಅವಳಿಗೆ ತಿಳಿದಿತ್ತು, ಅದರಲ್ಲೊಂದು ಬಗೆಯ ನೆಮ್ಮದಿಯೂ ಇತ್ತು. ಬಹಳ ದಿನಗಳ ಬಳಿಕ ಅವಳ ಪ್ರಾರ್ಥನೆ ಬಾಯಿಯಿಂದ ಆಚೆ ಹೋಗುತ್ತಿತ್ತು. ಮಧ್ಯಾಹ್ನದ ಮೇಲೆ ಬೆಟ್ಟದ ಕಡೆಯಿಂದ ಮಳೆ ಬಂತು. ಚಾಪೆ ನೆನೆದು ಭಾರವಾಯಿತು. ಆಗ ಪಕ್ಕದಲ್ಲಿ ಯಾರೋ ಏದುಸಿರು ಬಿಡುತ್ತ ಕೂತರು, ಚಾಪೆಯ ಒಂದು ಬದಿ ಮೇಲೆದ್ದಿತು, ಫೆರೇಟಿಯ ತಲೆ ಒಳಗೆ ಬಂತು.

"ಸ್ವಲ್ಪ ಆ ಕಡೆ ಸರಿ," ಎಂದ.

"ನೀನ್ಯಾಕೆ ಬಂದೆ? ನಿನ್ನದೇನೂ ತಪ್ಪಿಲ್ಲ."

"ಅವನು ಬಂದು ಬೇಡಿದಾಗ ಎಲೆಗಂಟು ತಿಂತಾ ಕೂತಿದ್ದು ನಾನಲ್ವಾ? ಹೆಂಡತಿ ಭಕ್ತೆ ಅಂತ ಹೆಮ್ಮೆಪಡ್ತಾ ಇನ್ನೊಂದು ತಿಂದೆ." ಚಾಪೆಯ ಒದ್ದೆ ಅಂಚನ್ನು ಮುಟ್ಟಿ ನೋಡಿ ಗೊಣಗಿದ: "ನಿಮ್ಮಮ್ಮ ಇದ್ದಿದ್ರೆ ಚಾಪೆ ನೆನೆಸಿದ್ದಕ್ಕೆ ನಮ್ಮಿಬ್ರನ್ನೂ ಕೊಲ್ತಿದ್ಲು."

ಮಳೆ ಸಣ್ಣದಾದಾಗ ಚಾಪೆ ಮತ್ತೆ ಎದ್ದಿತು. ರೆಪೆಕಾ ತಲೆಗೆ ಬಾಳೆಲೆ ಹಿಡಿದು ನಿಂತಿದ್ದಳು. ಅತ್ತು ಅತ್ತು ಕಣ್ಣು ಊದಿತ್ತು. ಚಾಪೆಯನ್ನು ಸುತ್ತಿ, ನೀರು ಹಿಂಡಿ, ಫೆರೇಟಿಯ ತೊಡೆಯ ಮೇಲೆ ಹಾಕಿದಳು.

"ಇದು ನನಗೆ ಬೇಡ. ಇದರಿಂದ ನನ್ನ ದನಿ ಬರಲ್ಲ." ಒಂದೊಂದು ಮಾತಿಗೂ ಅವಳು ಉಸಿರು ಒಟ್ಟು ಮಾಡಿಕೊಳ್ಳಬೇಕಿತ್ತು. "ಮತಲಫಿ ಎಲ್ಲಿದೆ ಅಂತ ತೋರ್ಸು. ಹೇಗೆ ಆರಿಸೋದು, ಯಾರಿಗೆ ಕೊಡೋದು, ಯಾರನ್ನ ಆಸ್ಪತ್ರೆಗೆ ಕಳಿಸೋದು, ಎಲ್ಲಾ ಕಲಿಸು. ಈ ಊರಲ್ಲಿ ಇನ್ಮೇಲೆ ಯಾರ ಪ್ರಾಣನೂ ಒಬ್ಬಳ ಸಿಟ್ಟಿನ ಕೈಯಲ್ಲಿ ಇರ್ಬಾರ್ದು. ನಿನ್ನದೂ ಬೇಡ, ನನ್ನದೂ ಬೇಡ."

ಸಿನಪಾತಿಗೆ ತಾಯಿಯ ಕಟ್ಟಳೆ ನೆನಪಾಯಿತು. ಅಜ್ಜಿಯಿಂದ ಬಂದದ್ದು, ರಕ್ತದ ಆಚೆಗೆ ಹೋಗದೆ ಉಳಿದದ್ದು, ಅವಳ ಮನೆಗೆ ಊರಿನಲ್ಲಿದ್ದ ಏಕೈಕ ಮರ್ಯಾದೆ. ಚಾಪೆ ಕೊಡುವುದು ಸುಲಭವಿತ್ತು. ಅವಳು ಗಂಡನ ಮುಖ ನೋಡಿದಳು. ಅವನು ನೆಲ ನೋಡುತ್ತಿದ್ದ. ತಾಯಿಯ ಕಟ್ಟಳೆಗಳಲ್ಲಿ ಎರಡು ಸಲ ಹೇಳಿದ್ದನ್ನು ತಾನು ಆಗಲೇ ಮುರಿದಾಗಿದೆ. ಇದನ್ನು ಮುರಿಯದೆ ಅದನ್ನು ಸರಿಪಡಿಸುವ ದಾರಿ ಕಾಣಲಿಲ್ಲ.

"ನಾಳೆ ಬೆಳಗ್ಗೆ..." ಎಂದವಳು ತಟ್ಟನೆ ನಿಲ್ಲಿಸಿದಳು. ಆ ಮಾತನ್ನೇ ಅವಳು ಅಂದು ಸಕಾರಿಯನಿಗೂ ಹೇಳಿದ್ದಳು. "ಇಲ್ಲ, ಈಗ್ಲೇ ಬಾ. ಹೋಗೋಣ."

ಒದ್ದೆ ಬಟ್ಟೆಯಲ್ಲೇ ಇಬ್ಬರೂ ಕಾಡು ಹತ್ತಿದರು. ಸಿನಪಾತಿ ಕುಂಟುತ್ತಿದ್ದಳು, ರೆಪೆಕಾ ಏದುತ್ತಿದ್ದಳು. ಯಾರಿಗಾಗಿ ಯಾರು ನಿಂತರೆಂದು ಹೇಳುವಂತಿರಲಿಲ್ಲ. ದೊಡ್ಡ ಆಲದ ಬೇರುಗಳ ಹಿಂದೆ ಮತಲಫಿ ಹೂವಾಗಿ ನಿಂತಿತ್ತು. ಮಳೆಗೆ ಉದುರಿದ ಬಿಳಿಯ ಹೂ ನೆಲದ ಮೇಲೆ ಚೆಲ್ಲಿತ್ತು.

"ಇಷ್ಟು ಪುಟ್ಟ ಹೂವಾ?" ಎಂದಳು ರೆಪೆಕಾ. "ಇದರ ಮುಂದೆ ಎಷ್ಟು ಸಲ ಓಡಾಡಿದೀನಿ. ಕಂಡೇ ಇರ್ಲಿಲ್ಲ."

"ಮೊದ್ಲು ಪ್ರಾರ್ಥನೆ," ಎಂದಳು ಸಿನಪಾತಿ. ಇಬ್ಬರೂ ತಲೆ ಬಾಗಿಸಿದರು. ಯಾವ ಎಲೆ ಎಳೆಯದು, ಯಾವುದು ಬಲಿತದ್ದು, ಗಿಡ ನೋಯದಂತೆ ಹೇಗೆ ಕೀಳುವುದು ಎಂದು ತೋರಿಸಿದಳು. ರೆಪೆಕಾ ಕಿತ್ತ ಮೊದಲ ಎಲೆಯನ್ನು ಮೂಸಿ ನೋಡಿ ಮುಖ ಸಿಂಡರಿಸಿದಳು.

ಮುಂದಿನ ಭಾನುವಾರ ಸಾಕ್ಷಿ ಹೇಳುವ ಹೊತ್ತಿನಲ್ಲಿ ಸಿನಪಾತಿ ಸಭೆಯ ಮುಂದೆ ನಿಂತು, ಅಂಗಳದಲ್ಲಿ ಹೇಳಿದ್ದನ್ನೇ ಮತ್ತೊಮ್ಮೆ ಹೇಳಿದಳು. ಸಭಾಪಾಲಕರ ಹೆಂಡತಿ ಬೀಸಣಿಗೆಯನ್ನು ಕೆಳಗಿಟ್ಟು ಎದ್ದು, "ಭಾನುವಾರ ಎಲೆ ಕುಡಿದವಳು ನಾನು. ಗೊತ್ತಿದ್ದೂ ಸುಮ್ನೆ ಕೂತೆ," ಎಂದಳು. ಅಂದಿನಿಂದ ಆ ಊರಿನಲ್ಲಿ ರೋಗಿಯ ಮನೆಗೆ ಹೋಗುವ ಕಾಲು ಯಾವ ದಿನವೆಂದು ಕೇಳುವುದಿಲ್ಲ. ಮತಲಫಿಯ ಜಾಗ ಬಲ್ಲ ಹೆಂಗಸರು ಈಗ ಹಲವರು. ರೆಪೆಕಾ ಅವರಲ್ಲಿ ಎಲ್ಲರಿಗಿಂತ ಕಟ್ಟುನಿಟ್ಟು. ಗಂಟಲು ನೋವೆಂದವರನ್ನು ಬಾಯಿ ತೆರೆಸಿ ನೋಡದೆ ಬಿಡುವವಳಲ್ಲ.

ಕ್ಷಮೆ ಸಿಕ್ಕಿತು. ಆದರೆ ಸಿನಪಾತಿಯ ಕಿವಿಯಿಂದ ಆ ಖಾಲಿ ಸ್ವರ ಹೋಗಲಿಲ್ಲ. ಪ್ರತಿ ಭಾನುವಾರ ಹಾಡು ಆ ಜಾಗಕ್ಕೆ ಬಂದಾಗ ಅವಳು ಕಣ್ಣು ಮುಚ್ಚುತ್ತಿದ್ದಳು. ಕೃಪೆ ಸಾಲವನ್ನು ಅಳಿಸುತ್ತದೆ, ಗಾಯದ ಕಲೆಯನ್ನು ಅಳಿಸುವುದಿಲ್ಲ.

ಒಮ್ಮೆ ಇಬ್ಬರೂ ಎಲೆ ಕಿತ್ತು ಮರಳುವಾಗ ಸಂಘದ ಮನೆಯ ಹಲಸಿನ ಮರದಡಿ ದಣಿವಾರಿಸಿಕೊಳ್ಳಲು ಕೂತರು. ಮೇಲೆ ಬಾವಲಿಗಳು ರೆಕ್ಕೆ ಸುತ್ತಿಕೊಂಡು ಜೋತುಬಿದ್ದಿದ್ದವು. ರೆಪೆಕಾ ಅವುಗಳನ್ನೇ ನೋಡಿ ತುಂಟತನದಿಂದ, "ನೋಡು ಅಕ್ಕ, ಈಗ ನಾನು ಬಾಯಿ ತೆಗೆದ್ರೂ ಹೊರಡ್ತವೆ," ಎಂದಳು.

"ಬೇಡ ಕಣೇ, ಹಾಗನ್ಬೇಡ."

"ನೀನೂ ಸೇರ್ಕೋ. ಇಬ್ರೂ ಸೇರಿ ಓಡಿಸೋಣ."

ಪ್ರತಿಷ್ಠೆಯ ದಿನದ ಹಾಡನ್ನೇ ಅವಳು ಎತ್ತಿಕೊಂಡಳು. ಒಡೆದ ಕಂಠ, ಗಾಳಿಯೇ ಹೆಚ್ಚು. ಸಿನಪಾತಿ ತನ್ನ ರಾಗವಿಲ್ಲದ ದನಿಯನ್ನು ಅಳುಕುತ್ತ ಅದರ ಪಕ್ಕದಲ್ಲಿ ಇಟ್ಟಳು. ಮೇಲಿನ ಸ್ವರದ ಜಾಗದಲ್ಲಿ ಇಬ್ಬರೂ ಜಾರಿದರು. ಹಾಡು ಮುಗಿಸಿ ತಲೆಯೆತ್ತಿ ನೋಡಿದರು.

ಬಾವಲಿಗಳು ಒಂದೂ ಹಾರಿರಲಿಲ್ಲ.

ರೆಪೆಕಾ ಗೊರಗೊರನೆ ನಕ್ಕಳು. ಸಿನಪಾತಿಗೆ ಕತ್ತು ಕೆಳಗಿಳಿಸಲಾಗಲಿಲ್ಲ. ಕಣ್ಣೀರು ಹಿಂದಕ್ಕೆ ಕಿವಿಗಳತ್ತ ಹರಿಯುತ್ತಿದ್ದರೂ ಮೇಲೆಯೇ ನೋಡುತ್ತ ಕೂತಿದ್ದಳು.